ಗುಂಡಗೆ ಒತ್ತಿದ ಹೆಬ್ಬೆಟ್ಟು

ಮಂತ್ರಿ ಗುರುಲಿಂಗನ ಮೇಲೆ ಪುಸ್ತಕ ಬರೆಯುತ್ತಿದ್ದ ಸಂಜುಕುಮಾರ ಹುಮನಾಬಾದಿನ ನನ್ನ ಮನೆಗೆ ಮೂರು ಸಲ ಬಂದ. ದಲ್ಲಾಳಿಗಳು ಕಾಳು ಮಾರುವ ಇಲ್ಲಿಯ ಅಡತಿ ಬಜಾರಿನಲ್ಲಿ ನಾನೂ ಗುರುಲಿಂಗನೂ ಒಂದೇ ಲಾರಿಗೆ ಚೀಲ ಹೇರಿದ ಹಮಾಲರು. ನಾರಾಯಣಪುರದಿಂದ ಬಂದಾಗ ಅವನಿಗೆ ಹದಿನೇಳು. ನಮ್ಮಲ್ಲಿ ಅಕ್ಷರ ಬಲ್ಲವನು ಅವನೊಬ್ಬನೇ.

ಮೂರು ಸಲವೂ ನಾನು ಹೇಳಿದ್ದು ಒಂದೇ. ಕೂಲಿ ಏರಿಸಬೇಕೆಂಬ ಅರ್ಜಿ ಬರೆದವನು ಗುರುಲಿಂಗ, ಸುಳ್ಳಲ್ಲ. ಆದರೆ ಮೊದಲ ಹೆಬ್ಬೆಟ್ಟು ನನ್ನಕ್ಕ ಖುರ್ಷೀದ್ ಬೇಗಂಳದು. ಅವಳು ಬಜಾರಿನಲ್ಲಿ ಕಾಳು ಹಸನು ಮಾಡುತ್ತಿದ್ದಳು. ನಲವತ್ತು ಗಂಡಸರು ಸುಮ್ಮನೆ ನೆಲ ನೋಡುತ್ತ ನಿಂತಾಗ ಮೊರ ಕೆಳಗಿಟ್ಟು ಬಂದಳು.

"ಯಾಕ್ರೋ, ಹೆಬ್ಬೆಟ್ಟಿಗೆ ಮೆಹಂದಿ ಹಚ್ಕೊಂಡೀರೇನು?" ಎಂದು ಒತ್ತಿಯೇ ಬಿಟ್ಟಳು.

ಆಮೇಲೆ ಎಲ್ಲರೂ ಒತ್ತಿದೆವು. ಸಹಿ ಬಲ್ಲ ಗುರುಲಿಂಗನೂ ನಮ್ಮಂತೆ ಹೆಬ್ಬೆಟ್ಟೇ ಒತ್ತಿದ, ಎಲ್ಲರಿಗಿಂತ ಕಡೆಗೆ. ಹತ್ತೊಂಬತ್ತು ದಿನ ಬಜಾರು ಬಂದ್. ಕೂಲಿ ಏರಿತು. ಗುರುಲಿಂಗ ಮುಖಂಡನಾದ, ಶಾಸಕನಾದ, ಮಂತ್ರಿಯಾದ. ಮೊದಲು ಒತ್ತಿದವಳು ಅವಳೆಂದು ಯಾರೋ ಚಾಡಿ ಹೇಳಿದ್ದಕ್ಕೆ ಅಕ್ಕನನ್ನು ಯಾವ ಅಡತಿಯವನೂ ಮತ್ತೆ ಒಳಗೆ ಬಿಡಲಿಲ್ಲ. ಪುಸ್ತಕದಲ್ಲಾದರೂ ಅವಳ ಹೆಸರು ಇರಲಿ ಎಂಬುದೊಂದೇ ನನ್ನ ಆಸೆ.

"ಪುರಾವೆ ಎಲ್ಲದ, ಚಾಚಾ?" ಎಂದ ಸಂಜುಕುಮಾರ. "ಹೆಬ್ಬೆಟ್ಟು ಅರ್ಜಿ ಸುತ್ತ ಗುಂಡಗ ಅದಾವ. ಮೊದಲಿಂದು ಯಾವುದು, ಕಡೀದು ಯಾವುದು?"

"ಗುಂಡಗ ಒತ್ರಿ ಅಂದಾವ ನಾನೇ. ಮೊದಲು ಒತ್ತಿದವರು ಯಾರಂತ ಅಡತಿಯವರಿಗೆ ತಿಳೀಬಾರದಿತ್ತು."

"ಯಾರಿಗೂ ತಿಳೀದಂಗ ಮಾಡೀರಿ ನೋಡ್ರಿ."

"ನಿಮ್ಮ ಮಂತ್ರಿ ಸಾಹೇಬರನ್ನೇ ಕೇಳಪ್ಪ."

"ಕೇಳೀನ್ರಿ. ಭಾಳ ವರ್ಷಾತು, ನೆನಪಿಲ್ಲ ಅಂದ್ರು."

ಬಸವಕಲ್ಯಾಣದಲ್ಲಿ ಪುಸ್ತಕ ಬಿಡುಗಡೆಯಾಯಿತು. ಮೊದಲ ಹೆಬ್ಬೆಟ್ಟು ಗುರುಲಿಂಗನದೆಂದು ವೇದಿಕೆಯ ಮೇಲೆ ಓದಿದರು, ಚಪ್ಪಾಳೆ ಬಿತ್ತು. ಒಂದು ಪ್ರತಿ ಹಿಡಿದು ಮನೆಗೆ ಬಂದೆ. ಮುಖಪುಟದ ತುಂಬ ಅದೇ ಅರ್ಜಿಯ ಚಿತ್ರ. ಅಕ್ಕ ಅದನ್ನು ಕಣ್ಣಿನ ಹತ್ತಿರ ಹಿಡಿದು ನೋಡಿ ನಕ್ಕಳು.

"ಇಲ್ನೋಡು, ಸಿರಾಜ್. ಗುರುಲಿಂಗಗ ಕಡೀಕ ಜಾಗಾನೇ ಉಳೀಲಿಲ್ಲ. ನನ್ನ ಹೆಬ್ಬೆಟ್ಟಿನ ಅಂಚಿನ ಮ್ಯಾಲೇ ಒತ್ತಿದ. ನಾ ಬೈದಿದ್ದೆ."

ನೋಡಿದೆ. ನಲವತ್ತೆರಡು ಗುರುತುಗಳಲ್ಲಿ ಒಂದರ ಮೇಲೊಂದು ಏರಿದ್ದು ಅಲ್ಲಿ ಮಾತ್ರ. ಸುತ್ತು ಶುರುವಾದದ್ದೂ ಮುಗಿದದ್ದೂ ಅಲ್ಲೇ. ಕೆಳಗಿರುವುದು, ಎಂದರೆ ಮೊದಲು ಬಿದ್ದದ್ದು, ಸಣ್ಣ ಹೆಬ್ಬೆಟ್ಟು, ಹೆಂಗಸಿನದು.

ಮರುದಿನ ಬಸ್ಸು ಹತ್ತಿ ಹೋಗಿ ಸಂಜುಕುಮಾರನಿಗೆ ತೋರಿಸಿದೆ. ಬಹಳ ಹೊತ್ತು ನೋಡಿದ.

"ಖರೇ ಅದ, ಚಾಚಾ. ಆದ್ರ ಎರಡು ಸಾವಿರ ಪ್ರತಿ ಛಾಪಾ ಆಗ್ಯಾವ. ಮೊದಲೇ ಯಾಕ ಹೇಳಲಿಲ್ರಿ?"

ಅವನು ಬಂದ ಮೂರು ಸಲವೂ ಅಕ್ಕ ಒಳಮನೆಯಲ್ಲಿ ಅಕ್ಕಿ ಆರಿಸುತ್ತ ಕೂತಿದ್ದಳು. ಅವನು ಅವಳನ್ನು ಕರೆಯಲಿಲ್ಲ. ನಾನೂ ಕರೆಯಲಿಲ್ಲ.