ಮೇಲಿನ ಮನೆಯವಳ ನಗು

ಮೇಲಿನ ಮನೆಗೆ ಹೊಸಬರು ಬಂದಾಗಿನಿಂದ ದೊಡ್ಡಕ್ಕನ ಮನೆಯಲ್ಲಿ ಊಟದ ಹೊತ್ತಿಗೆ ಬೇರೆ ಮಾತೇ ಇರಲಿಲ್ಲ.

ದೊಡ್ಡಕ್ಕ ಅಂದರೆ ಆ ಬೀದಿಗೆಲ್ಲ ದೊಡ್ಡಕ್ಕ. ಆಸ್ಪತ್ರೆ, ಹೋಟೆಲುಗಳ ಬಟ್ಟೆ ಒಗೆದುಕೊಡುವ ಲಾಂಡ್ರಿಯಲ್ಲಿ ಇಸ್ತ್ರಿ ಹಾಲ್‌ನ ಉಸ್ತುವಾರಿ ಅವಳದು. ಯಂತ್ರಗಳ ಗದ್ದಲದ ನಡುವೆ ಕೂಗಿ ಕೂಗಿ ಅವಳ ಗಂಟಲು ಎಷ್ಟು ಪಳಗಿತ್ತೆಂದರೆ, ಮನೆಯಲ್ಲಿ ಗುಟ್ಟು ಹೇಳಿದರೂ ಬೀದಿಗೆ ಕೇಳುತ್ತಿತ್ತು. ಗಂಡ ಬಸ್ಸಿನ ಡ್ರೈವರ್. ಎರಡಂತಸ್ತಿನ ಹಳೆಯ ಕಟ್ಟಡದಲ್ಲಿ ಕೆಳಗಿನ ಮನೆ ಇವರದು. ಮೇಲಿನ ಮನೆ ಬಹಳ ದಿನ ಖಾಲಿ ಬಿದ್ದಿತ್ತು. ಈಗ ಅಲ್ಲಿಗೆ ಸಮುದ್ರದಾಚೆಯ ದೇಶದಿಂದ ಬಂದ ಒಬ್ಬ ಹೆಂಗಸು, ಅವಳ ವಯಸ್ಸಾದ ತಾಯಿ ಬಾಡಿಗೆಗೆ ಬಂದಿದ್ದರು. ಆ ಹೆಂಗಸಿಗೆ ಕೆಲಸ ಸಿಕ್ಕಿದ್ದೂ ದೊಡ್ಡಕ್ಕನ ಲಾಂಡ್ರಿಯಲ್ಲೇ, ದೊಡ್ಡಕ್ಕನ ಕೈಕೆಳಗೇ.

"ಮೆಟ್ಟಿಲಲ್ಲಿ ಎದುರಾದ್ರೆ ತಲೆ ಎತ್ತಿ ನೋಡಲ್ಲ. ನಾನೇ ಮಾತಾಡಿಸಿದ್ರೂ ನೆಲ ನೋಡ್ಕೊಂಡು ಹೋಗ್ತಾಳೆ. ನಾವೇನು ಅವಳ ಕಣ್ಣಿಗೆ ಕಾಣೋದೇ ಇಲ್ವಾ?" ಎಂದು ದೊಡ್ಡಕ್ಕ ತಟ್ಟೆಯ ಮುಂದೆ ಕೂತು ಗೊಣಗುತ್ತಿದ್ದಳು.

"ಜಂಬ" ಎನ್ನುತ್ತಿದ್ದ ಗಂಡ. ಅವನಿಗೆ ಅಷ್ಟರಲ್ಲೇ ವಿಷಯ ಮುಗಿಯುತ್ತಿತ್ತು.

ಕೆಲಸದ ಜಾಗದಲ್ಲಿ ಮಾತ್ರ ಅಷ್ಟಕ್ಕೇ ಮುಗಿಯಲಿಲ್ಲ. ಒಂದು ದಿನ ದೊಡ್ಡಕ್ಕ ಹೊಸಬಳನ್ನು ದೊಡ್ಡ ಇಸ್ತ್ರಿ ಯಂತ್ರದ ಮುಂದೆ ನಿಲ್ಲಿಸಿ, "ಕೆಂಪು ದೀಪ ಇದ್ದಾಗ ಬೆಡ್‌ಶೀಟ್ ಹಾಕ್ಬೇಡ. ಬಿಸಿ ಜಾಸ್ತಿ ಇರುತ್ತೆ. ಹಸಿರು ಬಂದ ಮೇಲೆ ಹಾಕು. ಅರ್ಥ ಆಯ್ತಾ?" ಎಂದು ಕೇಳಿದಳು. ಹೊಸಬಳು ತಲೆ ಆಡಿಸಿದಳು. ದೊಡ್ಡಕ್ಕ ಆ ಕಡೆ ಹೋಗಿ ಬರುವಷ್ಟರಲ್ಲಿ ಸುಟ್ಟ ವಾಸನೆ. ಕೆಂಪು ದೀಪ ಉರಿಯುತ್ತಲೇ ಇದೆ, ಬಿಳಿಯ ಬೆಡ್‌ಶೀಟಿನ ನಡುವೆ ಕಂದು ಬಣ್ಣದ ದೊಡ್ಡ ಕಲೆ.

"ಆಗ ತಾನೇ ಹೇಳಿದೆ! ತಲೆ ಬೇರೆ ಆಡಿಸ್ದೆ! ಕಿವಿ ಎಲ್ಲಿಟ್ಟಿದ್ದೆ?"

ಹಾಲ್‌ನಲ್ಲಿದ್ದವರೆಲ್ಲ ತಿರುಗಿ ನೋಡಿದರು. ಹೊಸಬಳು ಕಣ್ಣು ಕೆಳಗೆ ಹಾಕಿ ನಿಂತಳು. ತುಟಿಯ ಮೇಲೆ ಮಾತ್ರ ಒಂದು ನಗು. ಅದನ್ನು ಕಂಡು ದೊಡ್ಡಕ್ಕನ ಮೈಯೆಲ್ಲ ಉರಿದುಹೋಯಿತು.

ಅವತ್ತು ಸಂಜೆ ದೊಡ್ಡಕ್ಕನ ಗೆಳತಿ ಮನೆಗೆ ಬಂದಿದ್ದಳು. ಹತ್ತಿರದ ಆರೋಗ್ಯ ಕೇಂದ್ರದಲ್ಲಿ ನರ್ಸು. ಎಲ್ಲರ ಬಾಯಲ್ಲೂ ಅವಳು ನರ್ಸಮ್ಮ. ದೊಡ್ಡಕ್ಕ ಟೀ ಲೋಟ ಕೈಗಿಡುವ ಮೊದಲೇ ಕಥೆ ಶುರುಮಾಡಿದಳು.

"ಬೈದ್ರೆ ನಗ್ತಾಳೆ! ನನ್ನ ಮುಂದೆ ಹಲ್ಲು ಕಿರ್ಕೊಂಡು ನಿಲ್ತಾಳೆ, ಅಷ್ಟು ಜನರ ಎದುರಿಗೆ!"

"ಯಾಕೆ ನಗ್ತೀಯ ಅಂತ ಕೇಳಿದ್ಯಾ?"

"ಅದರಲ್ಲಿ ಕೇಳೋದೇನಿದೆ? ನನ್ನ ಕಣ್ಣಿಗೇ ಕಾಣ್ತಿತ್ತಲ್ಲ!"

"ನಿನಗೆ ಕಂಡಿದ್ದು ನಗು. ಯಾಕೆ ನಕ್ಕಳು ಅನ್ನೋದು ಕಾಣ್ಲಿಲ್ಲ ತಾನೇ?"

"ನಿನ್ನ ಆಸ್ಪತ್ರೆ ವೇದಾಂತ ನನ್ನ ಹತ್ರ ಬೇಡ. ಟೀ ಆರೋಗುತ್ತೆ, ಕುಡಿ" ಎಂದು ದೊಡ್ಡಕ್ಕ ಅವಳ ಬಾಯಿ ಮುಚ್ಚಿಸಿದಳು. ಆಮೇಲಿನ ದಿನಗಳಲ್ಲಿ ಹೊಸಬಳ ಜೊತೆ ಅಗತ್ಯಕ್ಕಿಂತ ಒಂದು ಮಾತು ಹೆಚ್ಚಿಗೆ ಆಡಲಿಲ್ಲ.

ಹೀಗಿರುವಾಗ ಒಂದು ಮಧ್ಯಾಹ್ನ ಹೊಸಬಳು ತಾನಾಗಿಯೇ ದೊಡ್ಡಕ್ಕನ ಹತ್ತಿರ ಬಂದಳು. ಕೈಯಲ್ಲಿ ಫೋನು. ಮುಖದಲ್ಲಿ ಅದೇ ನಗು.

"ಅಕ್ಕಾ, ಮನೆಗೆ ಹೋಗ್ಲಾ? ಅಮ್ಮ ಬಿದ್ದರು."

ದೊಡ್ಡಕ್ಕ ಅವಳನ್ನು ಮೇಲಿಂದ ಕೆಳಗೆ ನೋಡಿದಳು. ತಾಯಿ ಬಿದ್ದರೆ ಯಾರಾದರೂ ನಗುತ್ತಾರೆಯೇ? ಅದೂ ಆಸ್ಪತ್ರೆಯ ಬಟ್ಟೆಯ ರಾಶಿ ಎದೆಯೆತ್ತರಕ್ಕೆ ಬಿದ್ದಿರುವ ದಿನ!

"ಇವತ್ತು ಆಗಲ್ಲ. ಕೆಲಸ ಮುಗಿಸಿ ಹೋಗು. ಆಯ್ತಾ?"

ಹೊಸಬಳು ತಲೆ ಆಡಿಸಿದಳು. ತನ್ನ ಯಂತ್ರದ ಹತ್ತಿರ ಹೋಗಿ ಮತ್ತೆ ಬಟ್ಟೆ ಕೈಗೆತ್ತಿಕೊಂಡಳು. 'ನೋಡು, ನಿಜವಾಗಿ ಬಿದ್ದಿದ್ರೆ ಹೀಗೆ ಸುಮ್ಮನೆ ಹೋಗ್ತಿದ್ಳಾ?' ಎಂದುಕೊಂಡಳು ದೊಡ್ಡಕ್ಕ. ಸಂಜೆ ಗಂಟೆ ಬಾರಿಸಿದ್ದೇ ತಡ, ಹೊಸಬಳು ಓಡಿದಳು.

ದೊಡ್ಡಕ್ಕ ಸಂತೆ ಬೀದಿಯಲ್ಲಿ ತರಕಾರಿ ಕೊಂಡು ನಿಧಾನವಾಗಿ ಮನೆಗೆ ಬಂದಳು. ಬಾಗಿಲ ಮುಂದೆ ಆಂಬ್ಯುಲೆನ್ಸ್ ನಿಂತಿತ್ತು. ಇಕ್ಕಟ್ಟಾದ ಮೆಟ್ಟಿಲುಗಳ ಮೇಲಿಂದ ಸ್ಟ್ರೆಚರ್ ಇಳಿಯುತ್ತಿತ್ತು. ಅದರ ಒಂದು ತುದಿ ಹಿಡಿದಿದ್ದವನು ಅವಳ ಗಂಡನೇ. ಮೇಲೆ ಮಲಗಿದ್ದ ಅಜ್ಜಿಯ ಬಟ್ಟೆ ಒದ್ದೆ, ಮುಖ ಕಾಗದದ ಹಾಗೆ ಬಿಳಿಚಿತ್ತು. ಅಷ್ಟಾದರೂ ಆ ಅಜ್ಜಿ ಕೂಡ ಸ್ಟ್ರೆಚರ್ ಹೊತ್ತವರನ್ನು ನೋಡಿ ನಗುತ್ತಿದ್ದರು, ನಿಮಗೆ ತೊಂದರೆ ಕೊಟ್ಟೆ ಅನ್ನುವ ಹಾಗೆ. ಹಿಂದೆ ಬರುತ್ತಿದ್ದ ಮಗಳ ಮುಖದಲ್ಲೂ ನಗುವೇ. ಆದರೆ ತಾಯಿಯ ಪಾದ ಹಿಡಿದಿದ್ದ ಅವಳ ಕೈ ಗಡಗಡ ನಡುಗುತ್ತಿತ್ತು.

ದೊಡ್ಡಕ್ಕ ಮೊದಲ ಸಲ ಆ ಮುಖ ಬಿಟ್ಟು ಆ ಕೈಯನ್ನು ನೋಡಿದಳು.

"ಬಚ್ಚಲಲ್ಲಿ ಜಾರಿ ಬಿದ್ದಿದ್ದಾರೆ, ಸೊಂಟದ ಮೂಳೆ ಮುರಿದಿರೋ ಹಾಗಿದೆ" ಎಂದಳು ಸುದ್ದಿ ಕೇಳಿ ಓಡಿ ಬಂದಿದ್ದ ನರ್ಸಮ್ಮ. "ಮಧ್ಯಾಹ್ನದಿಂದ ಹಾಗೇ ಬಿದ್ದಿದ್ರಂತೆ. ಮಗಳಿಗೆ ಆಗ್ಲೇ ಫೋನ್ ಮಾಡಿದ್ರಂತೆ. ಅವಳಿಗೆ ಬರೋಕಾಗ್ಲಿಲ್ಲವಂತೆ, ಯಾಕೋ ಗೊತ್ತಿಲ್ಲ."

ದೊಡ್ಡಕ್ಕನ ಕೈಯಿಂದ ತರಕಾರಿ ಚೀಲ ಜಾರಿತು. "ನಾನೇ ಬಿಡ್ಲಿಲ್ಲ" ಎಂದಳು. ಅವಳ ಆ ಮಾತು ಪಕ್ಕದಲ್ಲಿದ್ದವರಿಗೂ ಸರಿಯಾಗಿ ಕೇಳಿಸಲಿಲ್ಲ.

ಆಸ್ಪತ್ರೆಯಲ್ಲಿ ಅಜ್ಜಿಯನ್ನು ಒಳಗೆ ಕರೆದುಕೊಂಡು ಹೋದರು. ಮಗಳೂ ಜೊತೆಗೆ ಹೋದಳು. ಹೊರಗಿನ ಬೆಂಚಿನ ಮೇಲೆ ದೊಡ್ಡಕ್ಕ, ಅವಳ ಗಂಡ, ನರ್ಸಮ್ಮ ಕೂತರು.

"ನಗ್ತಾ ಬಂದು ಕೇಳಿದ್ಳು ನೋಡು. ನಾನು ನೆಪ ಅಂದ್ಕೊಂಡೆ" ಎಂದಳು ದೊಡ್ಡಕ್ಕ.

ನರ್ಸಮ್ಮ ಬೈಯಲಿಲ್ಲ. "ನಮ್ಮ ಕೇಂದ್ರಕ್ಕೆ ಆ ಕಡೆಯವರು ತುಂಬಾ ಜನ ಬರ್ತಾರೆ. ಮೊದಮೊದಲು ನಮಗೂ ಗೊತ್ತಾಗ್ತಿರ್ಲಿಲ್ಲ. ಆಮೇಲೆ ಅವರನ್ನೇ ಕೂರಿಸ್ಕೊಂಡು ಕೇಳಿದ್ವಿ. ಅವರಲ್ಲಿ ಎಷ್ಟೋ ಜನ ನಾಚಿಕೆ ಆದ್ರೂ, ಭಯ ಆದ್ರೂ, ನೋವಾದ್ರೂ ಮುಖದಲ್ಲಿ ನಗು ತಂದ್ಕೋತಾರೆ. ತನ್ನ ಕಷ್ಟ ಎದುರಿಗಿದ್ದವರಿಗೆ ಭಾರ ಆಗಬಾರದು ಅಂತ. ದೊಡ್ಡವರ ಮುಂದೆ ಕಣ್ಣು ಕೆಳಗೆ ಹಾಕೋದು ಮರ್ಯಾದೆ. ತಲೆ ಆಡಿಸಿದ್ರೆ, ನೀವು ಹೇಳಿದ್ದು ಕಿವಿಗೆ ಬಿತ್ತು ಅಂತ ಮಾತ್ರ. ಅರ್ಥ ಆಯ್ತು ಅಂತ ಅಲ್ಲ."

"ಹಾಗಾದ್ರೆ ಅರ್ಥ ಆಗಿದ್ಯೋ ಇಲ್ವೋ ಅಂತ ತಿಳ್ಕೊಳ್ಳೋದು ಹೇಗೆ?"

"ನಾವು ಈಗ 'ಅರ್ಥ ಆಯ್ತಾ' ಅಂತ ಕೇಳೋದೇ ಬಿಟ್ಟಿದೀವಿ. 'ಈ ಮಾತ್ರೆ ಹೇಗೆ ತಗೋತೀರಿ, ನೀವೇ ಒಂದ್ಸಲ ಹೇಳಿ' ಅಂತೀವಿ. ಆಗ ಎಲ್ಲಿ ತಪ್ಪಿದೆ ಅಂತ ತಾನಾಗೇ ಗೊತ್ತಾಗುತ್ತೆ. ಹಾಗಂತ ಆ ದೇಶದವರೆಲ್ಲ ಹೀಗೇ ಅಂತ ಒಂದೇ ಹಣೆಪಟ್ಟಿ ಅಂಟಿಸ್ಬೇಡ ಮತ್ತೆ. ನಿನ್ನ ಗಂಡ, ನನ್ನ ಗಂಡ ಒಂದೇ ಊರಿನವರು. ಇಬ್ಬರೂ ಒಂದೇ ಥರ ಇದಾರಾ?"

"ಸದ್ಯ, ಇಲ್ಲ" ಎಂದಳು ದೊಡ್ಡಕ್ಕ, ಅಂಥ ಹೊತ್ತಿನಲ್ಲೂ.

ಗಂಡನಿಗೆ ನಗು ಬರಲಿಲ್ಲ. "ಅಲ್ಲಮ್ಮಾ, ನಮ್ಮೂರಿಗೆ ಬಂದ ಮೇಲೆ ನಮ್ಮ ರೀತಿ ಅವರು ಕಲೀಬೇಕು ತಾನೇ? ನಾವ್ಯಾಕೆ ಎಲ್ಲರದ್ದೂ ಕಲೀತಾ ಕೂರೋದು?"

"ಕಲೀತಾರೆ ಅಣ್ಣಾ. ಕಲೀತಾನೇ ಇದಾರೆ. ಕಲಿಯೋ ತನಕ ಏನು ಮಾಡೋಣ? ಆ ಅಜ್ಜಿ ಬಚ್ಚಲಲ್ಲೇ ಬಿದ್ದಿರ್ಲಿ ಅಂತೀರಾ? ಆ ಹುಡುಗಿ ಲಾಂಡ್ರಿಯಿಂದ ಫೋನ್ ಮಾಡಿ ಸಹಾಯಕ್ಕೆ ಕರೆಯೋಣ ಅಂದ್ರೆ, ಈ ಊರಲ್ಲಿ ಅವಳ ಹತ್ರ ಯಾರ ನಂಬರ್ ಇತ್ತು?"

ಅವನು ತನ್ನ ಅಂಗೈ ನೋಡಿಕೊಳ್ಳುತ್ತಾ, ತನ್ನಷ್ಟಕ್ಕೇ ಅನ್ನುವ ಹಾಗೆ ಹೇಳಿದ: "ಮಧ್ಯಾಹ್ನ ನಾನು ಮನೇಲೇ ಇದ್ದೆ. ಬೆಳಗಿನ ಪಾಳಿ ಮುಗಿಸಿ ಮಲಗಿದ್ದೆ. ಮೇಲಿಂದ ಟಕ್ ಟಕ್ ಅಂತ ಸದ್ದು ಬರ್ತಾನೇ ಇತ್ತು. ಇವರದ್ದು ಯಾವಾಗಲೂ ಇದ್ದದ್ದೇ ಅಂತ ಮಗ್ಗಲು ಬದಲಾಯಿಸಿ ನಿದ್ದೆ ಮಾಡ್ದೆ. ಸಂಜೆ ಮಗಳು ಬಂದು ಕರೆದ ಮೇಲೆ ಹೋಗಿ ನೋಡಿದಾಗ ಅಜ್ಜಿ ಕೈಯಲ್ಲಿ ಇನ್ನೂ ಮಗ್ ಇತ್ತು. ನೆಲಕ್ಕೆ ಕುಟ್ಟಿ ನನ್ನನ್ನೇ ಕರೀತಿದ್ರು."



ಮರುದಿನ ದೊಡ್ಡಕ್ಕ ಆಸ್ಪತ್ರೆಗೆ ಹೋದಳು. ಅಜ್ಜಿಗೆ ಆಪರೇಷನ್ ಆಗಿತ್ತು, ನಿದ್ದೆಯಲ್ಲಿದ್ದರು. ಮಗಳು ಮಂಚದ ಪಕ್ಕ ನಿಂತಿದ್ದಳು. ದೊಡ್ಡಕ್ಕನನ್ನು ಕಂಡವಳೇ ಕಣ್ಣು ಕೆಳಗೆ ಹಾಕಿ ನಕ್ಕಳು.

ದೊಡ್ಡಕ್ಕ ತನಗೆ ಸಾಧ್ಯವಾದಷ್ಟು ದನಿ ತಗ್ಗಿಸಿದಳು. "ತಪ್ಪಾಯ್ತಮ್ಮ. ನಿನ್ನನ್ನ ಕಳಿಸ್ಬೇಕಿತ್ತು. ಈಗ ಒಂದು ಮಾತು ಕೇಳ್ಲಾ? ಬೈಯೋಕಲ್ಲ, ತಿಳ್ಕೊಳ್ಳೋಕೆ. ಈಗ ಯಾಕೆ ನಗ್ತಿದೀಯ?"

ಅವಳು ಸೆರೆಸಿಕ್ಕವಳ ಹಾಗೆ ಸುತ್ತ ನೋಡಿದಳು. ಆಮೇಲೆ ಮೆಲ್ಲಗೆ ಹೇಳಿದಳು. "ಹೆದರಿಕೆ ಅಕ್ಕಾ."

"ಯಾರನ್ನ ಕಂಡ್ರೆ?"

"ನಿಮ್ಮನ್ನ. ನೀವು ಕೂಗ್ತೀರಿ. ನಮ್ಮ ಕಡೆ ಇಷ್ಟು ಜೋರಾಗಿ ಕೂಗಿದ್ರೆ, ಇನ್ನು ನಿನ್ನ ಮುಖ ನೋಡಲ್ಲ ಅಂತ ಅರ್ಥ. ನೀವು ಕೂಗ್ತೀರಿ, ಮರುದಿನ ಮತ್ತೆ ಮಾತಾಡಿಸ್ತೀರಿ. ಮತ್ತೆ ಕೂಗ್ತೀರಿ. ನನಗೆ ತಿಳೀಲಿಲ್ಲ."

"ಅಯ್ಯೋ ದೇವರೇ! ನಾನು ನನ್ನ ಗಂಡನ್ನ ಊಟಕ್ಕೆ ಕರೆಯೋದೂ ಹೀಗೇ ಕಣಮ್ಮ!"

"ಗೊತ್ತು. ಮೇಲಕ್ಕೆ ಕೇಳುತ್ತೆ. ದಿನಾ ಜಗಳ ಅಂದ್ಕೊಂಡಿದ್ವಿ. ಅಮ್ಮ ನಿಮ್ಮ ಯಜಮಾನರನ್ನ ಕಂಡು 'ಪಾಪ' ಅಂತಿದ್ರು."

ದೊಡ್ಡಕ್ಕನಿಗೆ ನಗಬೇಕೋ ಅಳಬೇಕೋ ತಿಳಿಯಲಿಲ್ಲ. ತಾನು ಅವರ ಬಗ್ಗೆ ಊಟದ ಹೊತ್ತಿನಲ್ಲಿ ಕಥೆ ಕಟ್ಟುತ್ತಿದ್ದಾಗ, ಅವರೂ ಮೇಲೆ ಕೂತು ತನ್ನ ಬಗ್ಗೆ ಕಥೆ ಕಟ್ಟಿದ್ದರು. ನಡುವೆ ಇದ್ದದ್ದು ಒಂದು ಮೆಟ್ಟಿಲ ಸಾಲು ಅಷ್ಟೇ. ಇತ್ತಲಿಂದ ಹತ್ತಿದವರಿಲ್ಲ, ಅತ್ತಲಿಂದ ಇಳಿದವರಿಲ್ಲ.

"ನನ್ನ ಮೇಲೆ ಸಿಟ್ಟು ಬರ್ಲಿಲ್ವಾ?" ಎಂದು ಕೇಳಿದಳು.

"ಬಂತು." ಈ ಸಲ ಅವಳ ಮುಖದಲ್ಲಿ ನಗು ಇರಲಿಲ್ಲ. "ಈಗಲೂ ಸ್ವಲ್ಪ ಇದೆ."

"ಇರ್ಲಿ. ಇರಬೇಕಾದ್ದೇ" ಎಂದು ದೊಡ್ಡಕ್ಕ ಅಲ್ಲೇ ಇದ್ದ ಸ್ಟೂಲು ಎಳೆದುಕೊಂಡು ಕೂತಳು. ಅವಳು ಹೊರಡುವಾಗ ಒಬ್ಬರ ಫೋನ್ ನಂಬರ್ ಇನ್ನೊಬ್ಬರ ಹತ್ತಿರ ಇತ್ತು.

ಅಜ್ಜಿಯನ್ನು ಮನೆಗೆ ಕಳಿಸುವ ದಿನ ಹೊಸ ತೊಂದರೆ ಎದುರಾಯಿತು. ಮೂಳೆ ಕೂಡುವ ತನಕ ಮೆಟ್ಟಿಲು ಹತ್ತುವ ಹಾಗಿಲ್ಲ ಎಂದರು ಡಾಕ್ಟರು. ಮಗಳು ತಲೆ ಆಡಿಸಿ ಸುಮ್ಮನೆ ನಿಂತಳು. ಆಗ ಮಾತಾಡಿದ್ದು ದೊಡ್ಡಕ್ಕ ಅಲ್ಲ, ಅವಳ ಗಂಡ.

"ನಮ್ಮ ಮುಂದಿನ ಕೋಣೆಯಲ್ಲಿ ಇರ್ಲಿ. ನಾನು ಮಧ್ಯಾಹ್ನ ಹೇಗೂ ಮನೇಲೇ ಇರ್ತೀನಿ."

ಹಾಗೆ ಅಜ್ಜಿ ಕೆಳಗಿನ ಮನೆಗೆ ಬಂದರು. ಮಗಳು ದಿನವೂ ಅಲ್ಲೇ ಓಡಾಡುವಂತಾಯಿತು. ಎಲ್ಲವೂ ಸಲೀಸಾಗಿ ನಡೆಯಿತು ಎಂದರೆ ಸುಳ್ಳಾಗುತ್ತದೆ. ಡ್ರೈವರ್ ಟಿ.ವಿ. ಜೋರಾಗಿ ಇಟ್ಟರೆ ಅಜ್ಜಿಗೆ ಆಗುತ್ತಿರಲಿಲ್ಲ, ಅಜ್ಜಿ ಕಿಟಕಿ ತೆರೆದಿಟ್ಟರೆ ಅವನಿಗೆ ಆಗುತ್ತಿರಲಿಲ್ಲ. ಇಬ್ಬರೂ ಕೈಸನ್ನೆಯಲ್ಲೇ ವಾದ ಮಾಡುತ್ತಿದ್ದರು. ಕೊನೆಗೆ ಕಿಟಕಿ ಅರ್ಧ ತೆರೆಯಿತು, ಟಿ.ವಿ.ಯ ಸದ್ದು ಅರ್ಧ ಇಳಿಯಿತು. ಲಾಂಡ್ರಿಯಲ್ಲಿ ದೊಡ್ಡಕ್ಕ "ಎಲ್ಲಿ, ನೀನೇ ಮಾಡಿ ತೋರಿಸು" ಎನ್ನಲು ಕಲಿತಳು. ಒಂದು ದಿನ ಹೊಸಬಳು ಯಂತ್ರದ ಮುಂದೆ ನಿಂತು, "ಇಲ್ಲ ಅಕ್ಕಾ, ಅರ್ಥ ಆಗ್ಲಿಲ್ಲ. ಇನ್ನೊಂದು ಸಲ ಹೇಳಿ" ಎಂದಾಗ, ದೊಡ್ಡಕ್ಕನಿಗೆ ಆದ ಸಂತೋಷ ನೋಡಿ ಪಕ್ಕದವರು ಇವಳಿಗೇನಾಯಿತು ಎಂದು ಗಾಬರಿಯಾದರು.

ಒಂದು ಸಂಜೆ ದೊಡ್ಡಕ್ಕ ಅಜ್ಜಿಯನ್ನು ಮೆಲ್ಲಗೆ ಎಬ್ಬಿಸಿ ನಡೆಸುತ್ತಿದ್ದಳು. ಎಲ್ಲೋ ಒಂದು ಹೆಜ್ಜೆ ತಪ್ಪಿತು. ಅಜ್ಜಿ ದೊಡ್ಡಕ್ಕನ ಭುಜ ಹಿಡಿದುಕೊಂಡು ಇದ್ದಕ್ಕಿದ್ದ ಹಾಗೆ ಬಿಕ್ಕಿಬಿಕ್ಕಿ ಅಳತೊಡಗಿದರು. ಅಷ್ಟು ದಿನಗಳಲ್ಲಿ ಅವರು ಒಮ್ಮೆಯೂ ಅತ್ತವರಲ್ಲ. ಆಪರೇಷನ್ ಆದಾಗಲೂ ನಕ್ಕವರು. ದೊಡ್ಡಕ್ಕ ಹೆದರಿ, "ಬಾರೇ ಇಲ್ಲಿ, ಅಮ್ಮನಿಗೆ ನೋವಾಗ್ತಿದೆ! ನಾನೇ ಏನೋ ಮಾಡ್ಬಿಟ್ಟೆ!" ಎಂದು ಕೂಗಿದಳು.

ಮಗಳು ಅಡುಗೆಮನೆಯಿಂದ ಓಡಿ ಬಂದಳು. ಬಂದವಳು ಬಾಗಿಲಲ್ಲೇ ನಿಂತುಬಿಟ್ಟಳು.

"ನೀವೇನೂ ಮಾಡ್ಲಿಲ್ಲ ಅಕ್ಕಾ. ನೋವು ಮೊದಲಿಂದಲೂ ಇತ್ತು." ಅವಳ ಕಣ್ಣುಗಳೂ ತುಂಬಿದ್ದವು, ಅವಳು ಅವನ್ನು ಮರೆಸಿಕೊಳ್ಳಲಿಲ್ಲ. "ಹೊರಗಿನವರ ಮುಂದೆ ಅಮ್ಮ ಅಳಲ್ಲ. ಮನೆಯವರ ಮುಂದೆ ಮಾತ್ರ ಅಳ್ತಾರೆ."

ದೊಡ್ಡಕ್ಕ ಅಜ್ಜಿಯ ಅಳು ನಿಲ್ಲುವ ತನಕ ಭುಜ ಕೊಟ್ಟು ನಿಂತಳು.

ಇದನ್ನು ಓದುತ್ತಿರುವ ಅಕ್ಕಂದಿರೇ, ಅಣ್ಣಂದಿರೇ, ನಿಮ್ಮ ಕಟ್ಟಡದಲ್ಲೋ ಕೆಲಸದ ಜಾಗದಲ್ಲೋ ದೂರದಿಂದ ಬಂದವರು ಯಾರಾದರೂ ಇರಬಹುದು. ಅವರ ಮುಖ, ದನಿ, ಮೌನ ನೋಡಿ ನೀವೂ ಏನಾದರೂ ಅಂದುಕೊಂಡಿರಬಹುದು. ಅಂದುಕೊಂಡದ್ದನ್ನು ಒಂದು ಸಲ ಅವರ ಹತ್ತಿರವೇ ಕೇಳಿ ನೋಡಿ. ಬೈಯಲು ಅಲ್ಲ, ತಿಳಿಯಲು. ನಿಮ್ಮ ರೀತಿ ಏನು ಅನ್ನುವುದನ್ನೂ ಅವರಿಗೆ ಹೇಳಿ. ನಿಮ್ಮ ಫೋನ್ ನಂಬರ್ ಕೊಟ್ಟು, 'ಏನಾದರೂ ಆದರೆ ಕರೆಯಿರಿ' ಅನ್ನಿ. ಅದಕ್ಕೆ ಅವರ ಭಾಷೆ ಕಲಿತಿರಬೇಕಾಗಿಲ್ಲ. ಇವತ್ತು ಸಂಜೆಯೇ ಹೋಗಿ ಬಾಗಿಲು ತಟ್ಟಿ.