ಗಂಟುಬಟ್ಟೆಯ ಮೇಲಿನ ಸಹಿ

“ರಸೀದಿಗೆ ಸೋಪು ಹಾಕಿ ಒಗೆದ್ಬಿಟ್ಟು ಕೋರ್ಟಿಗೆ ಬಂದಿದ್ದೀಯಲ್ಲೇ ಮುಂಡೇದೇ. ತಲೇಲಿ ಇರೋದೇನು, ನೊರೆನಾ?”

ಲಾಡ್ಜಿನ ಸಾಹುಕಾರ ಕೋರ್ಟಿನ ಜಗಲಿಯ ಮೇಲೆ ನಿಂತು ಎಲ್ಲರಿಗೂ ಕೇಳಲೆಂದೇ ಹೇಳಿದ. ಕರಿ ಕೋಟುಗಳು ಕಿಸಿಕಿಸಿ ನಕ್ಕವು. ಇಸ್ತ್ರಿಯಮ್ಮನಿಗೆ ಮೈಯೆಲ್ಲ ಉರಿದುಹೋಯಿತು. ಆದರೆ ಅವನಂದದ್ದು ಸುಳ್ಳಾಗಿರಲಿಲ್ಲ.

ಗಂಡನ ಆಪರೇಷನ್ನಿಗೆಂದು ಅವನಿಂದಲೇ ಸಾಲ ಎತ್ತಿದ್ದಳು. ಗಂಡ ಉಳಿಯಲಿಲ್ಲ. ಸಾಲವನ್ನು ಮೂರು ವರ್ಷ ಲಾಡ್ಜಿನ ಹಾಸಿಗೆ ಬಟ್ಟೆ ಒಗೆದೇ ತೀರಿಸಿದಳು. ಅವನ್ನೆಲ್ಲ ಗಂಟು ಕಟ್ಟಿ ಕಳಿಸುವ ಬಟ್ಟೆಯ ಮೇಲೆಯೇ ಲಾಡ್ಜಿನ ಮ್ಯಾನೇಜರು ಪೆನ್ನಿನಲ್ಲಿ ‘ಸಾಲಕ್ಕೆ ಜಮಾ’ ಎಂದು ಬರೆದು ಸಹಿ ಹಾಕುತ್ತಿದ್ದ. ಕಲೆ ಕಂಡರೆ ಬಿಡುವ ಕೈಯೇ ಅವಳದು? ಗಂಟುಬಟ್ಟೆಯನ್ನೂ ಕುಕ್ಕಿ ಕುಕ್ಕಿ ಒಗೆದು, ಮೂರು ವರ್ಷದ ರಸೀದಿಯನ್ನೆಲ್ಲ ತಾನೇ ಬೆಳ್ಳಗೆ ಮಾಡಿ ವಾಪಸು ಕಳಿಸಿದ್ದಳು.

ಸಾಲಪತ್ರದ ಮೇಲಿನ ಅವಳ ಹೆಬ್ಬೆಟ್ಟು ಮಾತ್ರ ಸಾಹುಕಾರನ ಬೀರುವಿನಲ್ಲಿ ಭದ್ರವಾಗಿತ್ತು. ಅದನ್ನೇ ಹಿಡಿದು ಅವನು ದಾವೆ ಹೂಡಿದ್ದ. ಸಾಲ ಪೂರ್ತಿ ಕಟ್ಟಬೇಕು, ಇಲ್ಲವಾದರೆ ಅವಳ ಇಸ್ತ್ರಿ ಅಂಗಡಿ ಜಪ್ತಿ ಎಂದು ತೀರ್ಪಾಯಿತು.

ಆಮೇಲೆ ಸಿಕ್ಕಿತು, ಒಂದೇ ಒಂದು. ಇಸ್ತ್ರಿ ಮೇಜಿನ ಹಾಸು ತೂತುಬಿದ್ದಿದೆಯೆಂದು ಮಗಳು ಪದರ ಬಿಚ್ಚಿದರೆ, ಅಡಿಯಲ್ಲಿ ಒಗೆಯದ ಗಂಟುಬಟ್ಟೆ. ಅಮ್ಮ ಕೈ ಸುಟ್ಟುಕೊಂಡು ಮಲಗಿದ್ದ ವಾರ ಮಗಳೇ ಮಡಿಸಿ ಹಾಕಿದ್ದು. ‘ಕೊನೆ ಕಂತು, ಸಾಲ ಚುಕ್ತಾ’. ಕೆಳಗೆ ಮ್ಯಾನೇಜರನ ಸಹಿ.

“ನಿನ್ನ ದಮ್ಮಯ್ಯ ಅಂತೀನಿ ಕಣಮ್ಮ, ಇದನ್ನ ನೀರಿಗೆ ಹಾಕ್ಬೇಡ,” ಎಂದಳು ಮಗಳು.

ತೀರ್ಪನ್ನು ಮರುಪರಿಶೀಲಿಸಿ ಎಂದು ಅರ್ಜಿ ಹಾಕಿದರು. ಅದೇ ನ್ಯಾಯಾಧೀಶರು ಬಟ್ಟೆಯನ್ನು ಬೆರಳ ತುದಿಯಲ್ಲಿ ಎತ್ತಿ ನೋಡಿದರು.

“ಇದು ಲಾಡ್ಜಿನದೇ ಅಂತ ಹೇಗೆ ಹೇಳ್ತೀಯಮ್ಮ?”

“ಮೂಲೇಲಿ ಗುರುತಿದೆ ಸ್ವಾಮಿ. ಎರಡು ಚುಕ್ಕಿ, ಒಂದು ಗೀಟು. ಮನೆಮನೆ ಬಟ್ಟೆಗೂ ಒಗೆದ್ರೂ ಹೋಗ್ದಿರೋ ಒಂದೊಂದು ಗುರುತು ಹಾಕ್ತೀನಿ, ಅದಲುಬದಲಾಗ್ದಿರಲಿ ಅಂತ.”

ಸಾಹುಕಾರನ ವಕೀಲ ಎದ್ದ. “ಇವಳೇ ಹಾಕಿದ ಗುರುತು ಇವಳಿಗೇ ಸಾಕ್ಷಿಯೇ, ಮಹಾಸ್ವಾಮಿ? ಯಾವ ಚಿಂದಿಗೆ ಬೇಕಾದರೂ ಹಾಕಬಹುದು. ಆ ಮ್ಯಾನೇಜರಂತೂ ಊರು ಬಿಟ್ಟು ಹೋಗಿದ್ದಾನೆ.”

“ನಿನ್ನ ಮೇಜಿನಲ್ಲೇ ಇದ್ದದ್ದನ್ನ ಆಗಲೇ ಯಾಕೆ ತರಲಿಲ್ಲ?” ಎಂದರು ನ್ಯಾಯಾಧೀಶರು. ಅರ್ಜಿ ವಜಾ. ಐದು ನಿಮಿಷ ಹಿಡಿಯಲಿಲ್ಲ. ಗುಮಾಸ್ತ ಬಟ್ಟೆಯನ್ನು ಅವಳ ಮುಖಕ್ಕೆ ಎಸೆದ. ಅವಳು ಅದನ್ನು ಸೊಂಟಕ್ಕೆ ಸುತ್ತಿಕೊಂಡು ಹೊರಬಂದಳು. ಅಂದಿನಿಂದ ಕೂತಲ್ಲಿ ಕೂರಲಾರಳು, ನಿಂತಲ್ಲಿ ನಿಲ್ಲಲಾರಳು.

ಸೋಮವಾರ ಬೆಳಿಗ್ಗೆ ಜಪ್ತಿಗೆ ಕೋರ್ಟಿನ ಅಮೀನ ಬಂದ. ಮೇಜು ಒಂದು, ಇಸ್ತ್ರಿಪೆಟ್ಟಿಗೆ ಎರಡು ಎಂದು ಪಟ್ಟಿ ಬರೆಯತೊಡಗಿದ. ಕೋರ್ಟಿನ ಎದುರಿಗೆ ಇದ್ದದ್ದು ಇದೊಂದೇ ಇಸ್ತ್ರಿ ಅಂಗಡಿ. ತಂತಿಯ ಮೇಲೆ ಹತ್ತು ಹನ್ನೆರಡು ಕರಿ ಕೋಟುಗಳು ತೂಗುತ್ತಿದ್ದವು. ಸಾಹುಕಾರನ ವಕೀಲ ಬರಿ ಅಂಗಿಯಲ್ಲಿ ಏದುಸಿರು ಬಿಡುತ್ತಾ ಬಂದ.

“ಏ, ನನ್ನ ಕೋಟು ತೆಗಿಯೇ. ಹನ್ನೊಂದಕ್ಕೆ ಕೇಸಿದೆ.”

“ಯಾವ ಕೋಟು ಸ್ವಾಮಿ? ರಸೀದಿ ತೋರಿಸಿ.”

“ತಲೆಗಿಲೆ ಕೆಟ್ಟಿದೆಯಾ? ಇಸ್ತ್ರಿಗೆ ಯಾವ ಬೋಳಿಮಗ ರಸೀದಿ ಇಟ್ಕೊಳ್ತಾನೆ? ಅಗೋ, ಮೂರನೇದು. ಕಾಲರ್ ಒಳಗೆ ನಿನ್ನ ಗುರುತೇ ಇದೆ ನೋಡು, ಮೂರು ಗೀಟು. ನನ್ನದೇ ಅದು.”

ಅಮೀನನ ಪೆನ್ನು ನಿಂತಿತು. ಇಸ್ತ್ರಿಯಮ್ಮ ಸೊಂಟದ ಗಂಟುಬಟ್ಟೆ ಬಿಚ್ಚಿ ಮೇಜಿನ ಮೇಲೆ ಹರವಿದಳು. ಅಮೀನನ ಕೈಯಿಂದ ಪೆನ್ನು ಕಿತ್ತು ವಕೀಲನ ಮುಂದೆ ಹಿಡಿದಳು.

“ಈಗ ಅಂದ್ರಲ್ಲ, ಅದನ್ನೇ ಇಲ್ಲಿ ಬರೀರಿ. ನನ್ನ ಗುರುತಿದ್ರೆ ಬಟ್ಟೆ ಯಾರದ್ದೂಂತ ಗೊತ್ತಾಗುತ್ತೆ ಅಂತ. ಕೆಳಗೆ ಸಹಿ ಹಾಕಿ.”

“ಬರೀದಿದ್ರೆ ಏನೇ ಮಾಡ್ತೀಯ?”

ಅವಳು ತಂತಿಯಿಂದ ಮೂರನೆಯ ಕೋಟನ್ನು ಎಳೆದು, ಬೆನ್ನು ಮೇಲೆ ಮಾಡಿ ಹಾಸಿದಳು. ನಿಗಿನಿಗಿ ಕೆಂಡದ ಪೆಟ್ಟಿಗೆಯನ್ನು ಅದರ ನಡುಮಧ್ಯಕ್ಕೆ ಇಟ್ಟು ಕೈ ತೆಗೆದಳು. ಕೋಟು ಸುಟ್ಟ ವಾಸನೆ ಬಿಡತೊಡಗಿತು.

“ಬೇಗ ಬರೀರಿ ಸ್ವಾಮಿ,” ಎಂದಳು. “ಈ ಸಲ ಒಗೆಯಲ್ಲ.”