ಮೂರು ನ್ಯಾನೋಮೀಟರ್

ಹೂಗುಚ್ಛಕ್ಕೆ ಸುತ್ತಿದ ಪ್ಲಾಸ್ಟಿಕ್ ಹಾಳೆ ಚರಚರ ಅನ್ನುತ್ತಿದೆ, ಯಶ್ವಂತ್ ಅದನ್ನು ಈ ಕೈಯಿಂದ ಆ ಕೈಗೆ ಬದಲಾಯಿಸಿದಾಗಲೆಲ್ಲ, ಒಂದು ಗುಚ್ಛ ಹಿಡಿದು ನೆಟ್ಟಗೆ ನಿಲ್ಲಲು ಬಾರದ ಇವನು ನನ್ನ ಸಂಶೋಧನಾ ಲೇಖನದ ಎರಡನೆಯ ಲೇಖಕ, ಅವನ ಕೊಡುಗೆ ಒಂದು ಫೋಟೋ, ಅದರ ಬೆಳಕೂ ನಾನೇ ಹೊಂದಿಸಿದ್ದು — ನೀಲಾಂಬಿಕಾ, ಸ್ವಲ್ಪ ನಗೇ ತಾಯಿ, ಸಾವಿನ ಮನೇಲಿ ನಿಂತಂಗೆ ನಿಂತಿದೀಯ, ಅನ್ನುತ್ತಾನೆ — ನಗುತ್ತೇನೆ, ಹಲ್ಲು ಕಾಣದಷ್ಟು. ಗೋಡೆಯ ಫ್ಲೆಕ್ಸ್ ಮೇಲೆ ಸಾವಯವ ಮತ್ತು ಮಿಶ್ರ ಫೋಟಾನಿಕ್ ಹರಳುಗಳ ಪ್ರಾತ್ಯಕ್ಷಿಕೆ, ಜುಲೈ 2008, ಪಕ್ಕದಲ್ಲಿ ಒಂದು ವಜ್ರದ ಚಿತ್ರ, ಹರಳು ಎಂದ ಕೂಡಲೇ ವಜ್ರ, ಮಾರೇನಹಳ್ಳಿಯ ಫ್ಲೆಕ್ಸ್ ಅಂಗಡಿಯವನ ತಪ್ಪಲ್ಲ, ನಮ್ಮ ನಾಗರಾಜು ಸರ್ ತಾವೇ ಆರಿಸಿ ಕೊಟ್ಟದ್ದು, ಇಪ್ಪತ್ತಾರು ವರ್ಷ ಭೌತಶಾಸ್ತ್ರ ಪಾಠ ಮಾಡಿದವರು, ನನ್ನ ಮಾರ್ಗದರ್ಶಕರು. ಮುಂದಿನ ಸಾಲಿನಲ್ಲಿ ಕೆಂಗೇರಿಯ ಕೋಲ್ಡ್ ಸ್ಟೋರೇಜ್ ಚೇರ್ಮನ್, ಕಾಲ ಮೇಲೆ ಕಾಲು, ಸಾವಯವ ಅಂದ್ರೆ ಗೊಬ್ಬರ ಹಾಕ್ದೆ ಬೆಳೆದಿದ್ದಾ ಸಾರ್, ಮತ್ತು ಸರ್ ಆ ಮಾತಿಗೆ ಹೊಟ್ಟೆ ಕುಣಿಸಿ ನಕ್ಕರು, ಒಳ್ಳೇ ಪ್ರಶ್ನೆ, ಒಳ್ಳೇ ಪ್ರಶ್ನೆ ಅಂದರು, ಉತ್ತರ ಹೇಳಲಿಲ್ಲ. ಉತ್ತರ ಇಷ್ಟೇ — ಪಾಲಿಸ್ಟೈರೀನ್ ಗೋಲಿಗಳು, ಒಂದೊಂದೂ ಇನ್ನೂರ ಇಪ್ಪತ್ತು ನ್ಯಾನೋಮೀಟರ್, ನೀರಿನಲ್ಲಿ ಕಲಸಿ, ಗಾಜಿನ ಪಟ್ಟಿಯನ್ನು ಅದರಲ್ಲಿ ನೆಟ್ಟಗೆ ನಿಲ್ಲಿಸಿ ಮೂರು ದಿನ ಬೆಚ್ಚಗೆ ಬಿಟ್ಟರೆ, ನೀರು ಆರುತ್ತ ಇಳಿದಂತೆ ಗೋಲಿಗಳು ಗಾಜಿನ ಮೇಲೆ ಸಾಲುಗಟ್ಟಿ ಕೂರುತ್ತವೆ, ಸಂತೆಯಲ್ಲಿ ಮೂಸಂಬಿ ಜೋಡಿಸಿದ ಹಾಗೆ, ಅವುಗಳ ನಡುವಿನ ಸಂದಿಗೆ ಸಿಲಿಕಾ ಬೆರೆತ ಜೆಲ್ ಇಳಿಸಿದರೆ ಮಿಶ್ರ ಹರಳು, ಬಣ್ಣ ಎಂಬುದು ಅದರಲ್ಲಿ ಒಂದು ಹನಿಯೂ ಇಲ್ಲ, ಜೋಡಣೆಯೇ ಬಣ್ಣ, ಜೀರ್ಜಿಂಬೆಯ ಬೆನ್ನಿನ ಹಸಿರು, ಓರೆ ಮಾಡಿದರೆ ನೀಲಿ. ಅಮೋನಿಯಾ ತಾಗಿದರೆ ಜೆಲ್ ಉಬ್ಬಬೇಕು, ಗೋಲಿಗಳು ದೂರ ಸರಿಯಬೇಕು, ಹಸಿರು ಕೆಂಪಿನತ್ತ ಹೋಗಬೇಕು. ಬೇಕು, ಬೇಕು, ಬೇಕು. ಐದು ವರ್ಷ.

ಈಗ ಸರ್ ಮೈಕ್ ಹಿಡಿದಿದ್ದಾರೆ, ಇಪ್ಪತ್ತು ಜನರ ಕೋಣೆಗೆ ಮೈಕ್, ನಮ್ಮ ಲ್ಯಾಬಿನ ಈ ಪಟ್ಟಿಯನ್ನ ನಿಮ್ಮ ಕೂಲಿಂಗ್ ಕಂಪ್ರೆಸರ್ ಪಕ್ಕ ಅಂಟಿಸಿದರೆ ಸಾಕು ಸ್ವಾಮಿ, ಅದರ ವಿಷದ ಗಾಳಿ, ಅಮೋನಿಯಾ, ಲೀಕ್ ಆದ ನಾಲ್ಕೇ ಸೆಕೆಂಡಿಗೆ ಕೆಂಪು, ಗಾಳಿ ತಿಳಿಯಾದ ಮೇಲೆ ತಾನೇ ಹಳೇ ಬಣ್ಣಕ್ಕೆ — ನಾಲ್ಕು ಸೆಕೆಂಡು ಸುಳ್ಳು, ಲೇಖನದಲ್ಲಿ ಒಂಬತ್ತು ಎಂದಿದೆ, ಲೇಖನವೂ ಸುಳ್ಳು. ಕಳೆದ ಅಕ್ಟೋಬರಿನ ತನಕ ಏನೂ ಆಗುತ್ತಿರಲಿಲ್ಲ, ಹದಿನೇಳು ಪಟ್ಟಿ ಬೆಳೆಸಿದೆ, ಹದಿನೇಳೂ ಹಸಿರಾಗಿ ಹುಟ್ಟಿ ಹಸಿರಾಗಿಯೇ ಉಳಿದವು, ಆಮೇಲೆ ಆಯುಧಪೂಜೆ ಬಂತು, ಬಾಗಿಲಿಗೆ ಬಾಳೆಕಂದು, ಗುಡಿಸುವ ಮುನಿಲಕ್ಷ್ಮಮ್ಮ ಎಲ್ಲ ಯಂತ್ರಗಳಿಗೂ ಅರಿಶಿಣ ಹಚ್ಚಿ ನಡುವೆ ಕುಂಕುಮದ ಬೊಟ್ಟಿಟ್ಟಳು, ಓವನ್ನಿಗೆ, ತಕ್ಕಡಿಗೆ, ಪ್ರಿಂಟರಿಗೆ, ಪಟ್ಟಿ ಸಿಕ್ಕಿಸುವ ಕಪ್ಪು ಅಲ್ಯುಮಿನಿಯಂ ಹೋಲ್ಡರಿನ ಎದೆಗೂ, ನಾನು ಮೂಲೆಯಲ್ಲಿ ನಿಂತು ನೋಡಿದೆ, ಈ ದೇಶದಲ್ಲಿ ಸ್ಪೆಕ್ಟ್ರೋಮೀಟರೂ ಆರತಿ ತಗೊಳ್ಳಬೇಕು ಅಂತ ಯಶ್ವಂತನಿಗೆ ಹೇಳಿದೆ, ಕಡಲೆಪುರಿ ಮಾತ್ರ ತಿಂದೆ. ಅದರ ಮರುವಾರ ಹದಿನೆಂಟನೆಯ ಪಟ್ಟಿ ಕೆಂಪಾಯಿತು. ಕಿರುಚಿದೆ. ಸರ್ ಓಡಿ ಬಂದರು, ಯಶ್ವಂತ್ ಫೋಟೋ ತೆಗೆದ, ಮಾರ್ಚಿನಲ್ಲಿ ಅಚ್ಚಾಯಿತು, ನಕ್ಷೆಯ ಗೆರೆಗೆ ಕೆಂಪಿನ ಕಡೆ ಈ ಗೂನು ಎಲ್ಲಿಂದ ಬಂತು ಎಂದು ಅಚ್ಚಿಗೆ ಮೊದಲು ಲೇಖನ ಓದಿದ ಒಬ್ಬ ಪರೀಕ್ಷಕ ಕೇಳಿದ್ದ, ಒಬ್ಬನಾದರೂ ಕೇಳಿದ್ದ, ಸರ್ ಒಂದೇ ಸಾಲು ಬರೆದರು, ಜೋಡಣೆಯಲ್ಲಿನ ಅಸ್ತವ್ಯಸ್ತತೆಯಿಂದ ಎಂದು, ಪರೀಕ್ಷಕ ಒಪ್ಪಿದ, ಅವನಿಗೂ ಮನೆಗೆ ಹೋಗುವ ಅವಸರ ಇದ್ದಿರಬೇಕು.

ಇದು ಬಯಲಾದದ್ದು ಮೊನ್ನೆ ಮಂಗಳವಾರ, ಯಾವ ಡಾಕ್ಟರೇಟಿನಿಂದಲೂ ಅಲ್ಲ. ನಾನು ಅಭ್ಯಾಸಕ್ಕೆಂದು ಪಟ್ಟಿಗೆ ಅಮೋನಿಯಾ ಹಿಡಿದಿದ್ದೆ, ಮುನಿಲಕ್ಷ್ಮಮ್ಮ ನೆಲ ಒರೆಸುತ್ತ ಸೆರಗಿನಿಂದ ಮೂಗು ಮುಚ್ಚಿಕೊಂಡು ಬಗ್ಗಿ ನೋಡಿದಳು, ಅಯ್ಯ, ಅರಿಶಿಣಕ್ಕೆ ಸುಣ್ಣ ಬಿದ್ದಂಗಾಯ್ತಲ್ಲವ್ವಾ, ನಾವು ಆರತಿ ನೀರು ಮಾಡಲ್ವಾ, ಹಂಗೇ. ಮಲ್ಲತ್ತಹಳ್ಳಿಯ ಹಳೇ ಊರಿನ ಹೆಂಗಸು, ಇದೇ ಕಟ್ಟಡದ ಜಾಗದಲ್ಲಿ ಅವಳ ಮಾವ ರಾಗಿ ಬೆಳೆಯುತ್ತಿದ್ದನಂತೆ, ಅವಳಿಗೆ ಮೂರು ಸೆಕೆಂಡು ಸಾಕಾಯಿತು, ನಮಗೆ ಒಂಬತ್ತು ತಿಂಗಳು. ಹೋಲ್ಡರಿಗೆ ಖಾಲಿ ಗಾಜು ಸಿಕ್ಕಿಸಿದೆ, ಹರಳಿಲ್ಲ, ಜೆಲ್ ಇಲ್ಲ, ಬರೀ ಗಾಜು, ಅಮೋನಿಯಾ ಹಿಡಿದೆ — ಕೆಂಪು, ಗಾಜಿನ ಹಿಂದೆ ಹೋಲ್ಡರಿಗೆ ಹತ್ತಿದ ಅರಿಶಿಣ. ಯಾವ ಪಿಯುಸಿ ಹುಡುಗಿಯೂ ಮೊದಲ ದಿನವೇ ಮಾಡುತ್ತಿದ್ದ ಪರೀಕ್ಷೆ. ಅಸಿಟೋನಿನಲ್ಲಿ ಹೋಲ್ಡರ್ ತೊಳೆದೆ, ಹರಳಿನ ಪಟ್ಟಿ ಸಿಕ್ಕಿಸಿದೆ, ಮತ್ತೆ ಹಿಡಿದೆ, ಬೆಳಕಿನ ತರಂಗಾಂತರ ಐನೂರ ನಲವತ್ತೊಂಬತ್ತರಿಂದ ಐನೂರ ಐವತ್ತೆರಡಕ್ಕೆ, ಮೂರು ನ್ಯಾನೋಮೀಟರ್, ಯಾವ ಮನುಷ್ಯನ ಕಣ್ಣಿಗೂ ಅದು ಹಸಿರೇ. ಬುಧವಾರ ಸರ್‌ಗೆ ಹೇಳಿದೆ. ಅವರು ಪೆನ್ನಿನ ಮುಚ್ಚಳ ಹಾಕಿದರು, ತೆಗೆದರು, ಹಾಕಿದರು. ನೋಡಮ್ಮಾ, ಸೆಪ್ಟೆಂಬರ್‌ಗೆ ನಿನ್ನ ಥೀಸಿಸ್ ಹೋಗ್ಬೇಕಾ ಬೇಡ್ವಾ? ಪೇಪರ್ ವಾಪಸ್ ತಗೊಂಡ್ರೆ ನಿನ್ನ ಹತ್ರ ಏನುಳಿಯುತ್ತೆ? ಉಳಿಯುವುದು ಮೂರು ನ್ಯಾನೋಮೀಟರ್ ಸಾರ್, ಅನ್ನಲಿಲ್ಲ. ಇಂದು ಬೆಳಿಗ್ಗೆ ಒಂಬತ್ತೂವರೆಗೆ ಹೋಲ್ಡರನ್ನು ಎತ್ತಿ ನೋಡಿದರು, ಒಳ್ಳೇ ಪಳಪಳ ಅಂತಿದೆಯಲ್ಲಮ್ಮ, ದೊಡ್ಡವರು ಬರ್ತಿದಾರೆ, ಮುನಿಲಕ್ಷ್ಮಮ್ಮಂಗೆ ಹೇಳಿ ಒಂದು ಪೂಜೆ ಮಾಡಿಸ್ಬಿಡು — ಎಂದು ಕಿಟಕಿಯ ಕಡೆ ತಿರುಗಿ ಹೇಳಿದರು, ಹೇಡಿ, ಅರಿಶಿಣ ಎಂಬ ಪದವನ್ನು ಕೂಡ ಬಾಯಿಂದ ಹೊರಡಿಸಲಿಲ್ಲ, ನಾಳೆ ಯಾರಾದರೂ ಕೇಳಿದರೆ ಪೂಜೆ ಎಂದೇ ಹೇಳಿದ್ದೆ ಅನ್ನಬಹುದು. ಮುನಿಲಕ್ಷ್ಮಮ್ಮ ಸೊಂಟದ ಮೇಲೆ ಕೈ ಇಟ್ಟಳು, ಇವತ್ಯಾವ ಹಬ್ಬಾನವ್ವಾ? ಹಬ್ಬ ಇಲ್ಲ. ಮತ್ತೆ? ತೊಳೆದ ಹೋಲ್ಡರನ್ನು ಅವಳ ಮುಂದಿಟ್ಟೆ. ಅವಳಿಗೆ ತಿಳಿಯಿತು, ಅವಳಿಗೆ ಎಲ್ಲವೂ ಮೂರು ಸೆಕೆಂಡಿನಲ್ಲಿ ತಿಳಿಯುತ್ತದೆ, ನಾ ಹಚ್ಚಾಕಿಲ್ಲ ಕಣವ್ವಾ, ದೇವ್ರು ಮಾಡಾಕೆ ಹಚ್ತೀನಿ, ಮೋಸ ಮಾಡಾಕಲ್ಲ, ಬೇಕಾದ್ರೆ ನೀನೇ ಹಚ್ಕೋ — ಬಕೆಟ್ ಎತ್ತಿಕೊಂಡು ಹೊರಟುಹೋದಳು, ಅವಳ ಅರಿಶಿಣದ ಡಬ್ಬಿ ಮೇಜಿನ ಮೇಲೆಯೇ ಇತ್ತು. ಎಲ್ಲರೂ ಏನು ಮಾಡುತ್ತಾರೆ ಎಂದು ನನಗೆ ಗೊತ್ತು, ಎಲ್ಲರನ್ನೂ ಒಂದೊಂದು ಸಾಲಿನಲ್ಲಿ ಮುಗಿಸಬಲ್ಲೆ, ಹೇಡಿ, ದಡ್ಡ, ಚೇರ್ಮನ್. ನನ್ನದೇ ಉಂಗುರ ಬೆರಳು. ಒಂದೇ ಬೊಟ್ಟು. ತೆಳ್ಳಗೆ, ಹಿಂದಿನದಕ್ಕಿಂತ ನೀಟಾಗಿ.

ಈಗ ಸರ್ ಬಾಟಲಿಯ ಮುಚ್ಚಳ ತೆಗೆಯುತ್ತಾರೆ, ಹತ್ತಿಯನ್ನು ಅದ್ದಿ ಪಟ್ಟಿಯ ಬಳಿ ತರುತ್ತಾರೆ, ಚೇರ್ಮನ್ ಮೂಗು ಹಿಂಡಿಕೊಂಡು ಹಿಂದೆ ಸರಿಯುತ್ತಾನೆ, ಎಲ್ಲರೂ ಕೆಮ್ಮುತ್ತಾರೆ, ಕೆಂಪಾಗುತ್ತದೆ, ಆಗದೆ ಏನು ಮಾಡೀತು, ಚಪ್ಪಾಳೆ, ಯಶ್ವಂತ್ ಚೇರ್ಮನ್‌ಗೆ ಗುಚ್ಛವನ್ನು ತಲೆಕೆಳಗು ಹಿಡಿದು ಕೊಡುತ್ತಾನೆ, ಅದೇ ಕೈಯಲ್ಲಿ ಸಹಿಗೆಂದು ಒಪ್ಪಂದದ ಕಾಗದ, ನಾಳೆಯಿಂದ ನಾನು ಇಂಥ ನಲವತ್ತು ಪಟ್ಟಿ ಬೆಳೆಸಿ ಕೊಡಬೇಕು, ಕೆಂಗೇರಿಗೆ, ಬರೀ ಪಟ್ಟಿ, ಹೋಲ್ಡರಿಲ್ಲದ ಪಟ್ಟಿ, ಬೊಟ್ಟಿಲ್ಲದ ಪಟ್ಟಿ — ಇದನ್ನು ಬೆಳಿಗ್ಗೆ ಯಾಕೆ ಯೋಚಿಸಲಿಲ್ಲ, ಅಥವಾ ಯೋಚಿಸಿದೆನೇ. ಕೆಮ್ಮದೆ ಇದ್ದವನು ಒಬ್ಬನೇ. ಚೇರ್ಮನ್ ಹಿಂದೆ ನಿಂತಿದ್ದ ಖಾಕಿ ಅಂಗಿಯವನು, ಇಷ್ಟು ಹೊತ್ತು ಡ್ರೈವರ್ ಅಂದುಕೊಂಡಿದ್ದೆ, ಬಾಯಿ ಬಿಟ್ಟುಕೊಂಡು ನೋಡುವ ಜಾತಿ, ಈಗ ಮೇಜಿನ ಹತ್ತಿರ ಬಂದು ಅಮೋನಿಯಾದ ಹತ್ತಿಯ ಮೇಲೆಯೇ ಬಗ್ಗಿದ್ದಾನೆ, ಕಣ್ಣಲ್ಲಿ ನೀರು ಸುರಿಯುತ್ತಿದೆ, ಒರೆಸಿಕೊಳ್ಳುತ್ತಲೂ ಇಲ್ಲ. ಅಕ್ಕಾರ, ನಾ ಗೂಳಪ್ಪ ಅಂತ್ರಿ, ಮಿಷನ್ ಆಪರೇಟರ್, ನಿಮ್ಮ ಹೆಸರು ಕೇಳಿದ್ರ ನಮ್ಮ ಕಡೇರ ಅನ್ನಿಸ್ತು, ಯಾವೂರ್ರಿ? ಗುಳೇದಗುಡ್ಡ ಅಂದೆ. ಹೌದನ್ರಿ, ನಮ್ಮದು ಬಾದಾಮಿ ಹಂತೇಕ — ನಗುತ್ತಾನೆ, ಊರಿನ ಹೆಸರು ಹೇಳಿದ್ದಕ್ಕೇ ಇಷ್ಟು ನಂಬಿಕೆ, ಎಂಥ ಅಗ್ಗದ ನಂಬಿಕೆ. ನನ್ನ ಮೂಗು ಸತ್ತೈತ್ರಿ ಅಕ್ಕಾರ, ಹನ್ನೊಂದು ವರ್ಷಾತು ಆ ಮಿಷನ್ ಮುಂದ, ವಾಸನಿ ತಿಳಿಯಂಗಿಲ್ಲ, ವಾಲ್ವ್ ಸೋರಿದ್ರ ಎಲ್ಲಾರೂ ಓಡ್ತಾರ, ನಾ ನಿಂತಿರ್ತೀನಿ, ಹೋದ ಸಲ ಎಳಕೊಂಡು ಬಂದ್ರು ನನ್ನ. ಇನ್ ಇದನ್ನ ನೋಡಿದ್ರ ಸಾಕಲ್ರಿ. ಹಸರ ಇದ್ರ ಒಳಗ ಇರಬಹುದಲ್ರಿ?

ಹ್ಞೂಂ ಅಂದೆ. ಅಂದುಬಿಟ್ಟೆ, ಯೋಚನೆ ಬರುವ ಮೊದಲೇ ಬಾಯಿ ಹೇಳಿತು, ಅವನು ಕೈ ಮುಗಿದ, ಚೇರ್ಮನ್ ಕರೆದ, ಮೆಟ್ಟಿಲು ಇಳಿದು ಹೋದ, ಕೂಗಿದರೆ ಇನ್ನೂ ಕೇಳುತ್ತದೆ, ಸರ್ ನನ್ನನ್ನೇ ನೋಡುತ್ತಿದ್ದಾರೆ, ಫೋಟೋಗೆ ಬಾರಮ್ಮ, ಮಧ್ಯಕ್ಕೆ ನಿಂತ್ಕೋ — ನಿಲ್ಲುತ್ತೇನೆ, ಕೆಳಗೆ ಕಾರಿನ ಬಾಗಿಲು ಹಾಕಿದ ಸದ್ದು, ಕಂಪ್ರೆಸರ್ ಕೋಣೆ ಹೇಗಿರುತ್ತದೋ ನಾನು ನೋಡಿಲ್ಲ, ನೋಡದೆಯೂ ಕಾಣುತ್ತಿದೆ, ಉಳಿದವರೆಲ್ಲ ಬಾಗಿಲಿಗೆ ಓಡಿದ್ದಾರೆ, ಗೂಳಪ್ಪ ಓಡಿಲ್ಲ, ಪಟ್ಟಿಯ ಮುಂದೆ ಬಗ್ಗಿ ನಿಂತಿದ್ದಾನೆ, ಕಣ್ಣಲ್ಲಿ ನೀರು, ಪಟ್ಟಿ ಹಸಿರು, ಅವನು ಇನ್ನೊಮ್ಮೆ ನೋಡುತ್ತಾನೆ, ಹಸಿರು, ಎಲ್ಲರೂ ಸ್ಮೈಲ್ ಮಾಡಿ ಎನ್ನುತ್ತಾನೆ ಯಶ್ವಂತ್, ಅವನು ನಿಂತಿದ್ದಾನೆ, ಬಗ್ಗಿ, ನನ್ನೂರಿನ ಕಡೆಯವನು, ನೋಡುತ್ತಾನೆ, ಹಸಿರು —